ಬದುಕಿದವನ ಎಡೆ

ಪ್ರಭಂಜನರಾಯರು ರಂಗೂನಿನಿಂದ ಹೊಸಪೇಟೆಗೆ ಬಂದಿಳಿದದ್ದು ಮಹಾಲಯ ಅಮಾವಾಸ್ಯೆಯ ಹಿಂದಿನ ದಿನ. ಬಂದದ್ದು ಒಂದೇ ಕೆಲಸಕ್ಕೆ. ಕಂಪ್ಲಿ ಬಳಿಯ ಮೆಟ್ರಿ ಹಳ್ಳಿಯ ಎರ್ರೆಮ್ಮ ಎಂಬ ಹೆಂಗಸು ತನ್ನ ಮೊದಲ ಗಂಡನ ಹೆಸರಿನಲ್ಲಿ ವರ್ಷವರ್ಷವೂ ಇಡುತ್ತಿದ್ದ ಎಡೆಯನ್ನು ಈ ಸಲ ಇಡದಂತೆ ಮಾಡಬೇಕಿತ್ತು. ಆ ಗಂಡ ಸತ್ತಿರಲಿಲ್ಲ. ಸತ್ತಿಲ್ಲವೆಂದು ಅವಳಿಗೆ ಹೇಳುವ ಹಾಗೂ ಇರಲಿಲ್ಲ.

ಅಕ್ಕ ರಾಧಾಬಾಯಿ ತಮ್ಮನ ಮುಂದೆ ತಟ್ಟೆ ಇಟ್ಟು, ಎದುರಿಗೆ ಕೂತು, ಎಲ್ಲವನ್ನೂ ಕೇಳಿದರು.

"ಅಪ್ಪನ ಪಕ್ಷಕ್ಕ ಬಾ ಅಂದ್ರ ಸರ್ಕಾರದವರು ರಜಾ ಕೊಡಂಗಿಲ್ಲ ಅಂತಿದ್ದಿ. ಯಾರೋ ಒಕ್ಕಲಗಿತ್ತಿ ಎಡಿ ಬಿಡಸ್ಲಿಕ್ಕೆ ಹಡಗು ಹತ್ತಿ ಬಂದಿಯಲ್ಲೋ, ಭಾಳ ಶಾಣ್ಯಾ ಇದ್ದಿ."

"ಅಕ್ಕಾ, ಇಡು ಅಂತ ಅಂದಾಂವ ನಾನೇ ಅಲ್ಲೇನು?"

ರಾಧಾಬಾಯಿ ಇನ್ನೊಂದು ಚಮಚ ತುಪ್ಪ ಹಾಕಿ, ಕೈ ಒರೆಸಿಕೊಂಡು, ದೇವರ ಮನೆಗೆ ಹೋಗಿ ದೀಪದ ಬತ್ತಿ ಸರಿಮಾಡಿದರು.

ರಾಯರ ತಂದೆ ಹಂಪಿಯಲ್ಲಿ ಹೊಳೆಯ ದಂಡೆಯ ಗುಡಿಯೊಂದರಲ್ಲಿ ಪುರಾಣ ಓದುತ್ತಿದ್ದವರು. ಹುಡುಗ ಕಂಬಕ್ಕೆ ಒರಗಿ ಕೂತು ಕೇಳುತ್ತಿದ್ದ. ಪದ್ಯಕ್ಕಿಂತ ಹೆಚ್ಚಾಗಿ ಅವನು ಗಮನಿಸುತ್ತಿದ್ದದ್ದು ಕೇಳುವವರನ್ನು. ಸೀತೆಯನ್ನು ಕಾಡಿಗೆ ಬಿಡುವ ಭಾಗ ಬಂದಾಗ ಕಮಲಾಪುರದ ಹೆಣ್ಣುಮಕ್ಕಳು ಸೆರಗು ಕಣ್ಣಿಗೆ ಒತ್ತಿಕೊಳ್ಳುವರು. ಆಗ ತಂದೆ ಓದು ನಿಲ್ಲಿಸುತ್ತಿರಲಿಲ್ಲ, ಸಮಾಧಾನವನ್ನೂ ಹೇಳುತ್ತಿರಲಿಲ್ಲ. ಸಾಲನ್ನು ಸ್ವಲ್ಪ ನಿಧಾನವಾಗಿ, ತಗ್ಗಿದ ದನಿಯಲ್ಲಿ ಇನ್ನೊಮ್ಮೆ ಹೇಳುವರು, ಅಷ್ಟೆ. ಅಳು ತಾನಾಗಿ ತನ್ನ ದಾರಿ ಹಿಡಿದು ಹೋಗುತ್ತಿತ್ತು. ಮುಂದೆ ಮದರಾಸಿನಲ್ಲಿ, ಆಮೇಲೆ ಕಡಲಾಚೆ ಇಂಗ್ಲಿಷರ ಸೀಮೆಯಲ್ಲಿ ದೊಡ್ಡ ದೊಡ್ಡ ಪಂಡಿತರ ಬಳಿ ಮನಸ್ಸಿನ ಶಾಸ್ತ್ರ ಓದಿದಾಗಲೂ ರಾಯರಿಗೆ ಇದಕ್ಕಿಂತ ಹೆಚ್ಚಿನದೇನೂ ಸಿಕ್ಕಿದಂತೆ ಅನಿಸಿರಲಿಲ್ಲ.

ಸೀಮೆಯಿಂದ ಬಂದು ಮದರಾಸಿನ ಆಸ್ಪತ್ರೆಯೊಂದಕ್ಕೆ ಸೇರುವ ಮೊದಲು ಅವರು ಕೆಲವು ತಿಂಗಳು ಹೊಸಪೇಟೆಯಲ್ಲಿದ್ದರು. ಆಗ ಪಾಲಪ್ಪ ಎಂಬ ರೈತ ತನ್ನ ತಂಗಿ ಎರ್ರೆಮ್ಮನನ್ನು ಬಂಡಿಯಲ್ಲಿ ಕೂರಿಸಿಕೊಂಡು ಬಂದ. ಅವಳ ಗಂಡ ಮೂಕಪ್ಪ ಸೊಂಡೂರು ಗುಡ್ಡದ ಗಣಿಯಲ್ಲಿ ಕಲ್ಲು ಒಡೆಯುತ್ತಿದ್ದವನು. ತೆಲುಗು ಮೇಸ್ತ್ರಿಯೊಬ್ಬ ಕೂಲಿಗಳ ತಂಡ ಕಟ್ಟಿದಾಗ ಅವನೂ ರಂಗೂನಿನ ಬಂದರಿಗೆ ಹೋದ. ಅಲ್ಲಿ ಗಲಭೆಯಾಯಿತು. ತಂಡದವರೆಲ್ಲ ಹೋದರೆಂದು ಮೇಸ್ತ್ರಿ ಊರಿಗೆ ಬಂದು ಹೇಳಿದ. ಹೆಣ ಕಂಡವರಿರಲಿಲ್ಲ.

ಎರ್ರೆಮ್ಮ ಅಳಲಿಲ್ಲ. ದಿನವೂ ಮೊದಲ ರೊಟ್ಟಿಯನ್ನು ತೆಗೆದಿಟ್ಟು ಬಾಗಿಲ ಕಡೆ ನೋಡುತ್ತ ಕೂರುವಳು. "ಬಂದೆ, ಬಂದೆ, ಕೈ ಹಿಟ್ಟಾಗ್ಯಾವು" ಎಂದು ಖಾಲಿ ಅಂಗಳಕ್ಕೆ ಉತ್ತರ ಕೊಡುವಳು.

ರಾಯರು ಪಡಸಾಲೆಯಲ್ಲಿ ಕೂತು ಎಷ್ಟೋ ಮಧ್ಯಾಹ್ನ ಅವಳ ಮಾತು ಕೇಳಿದರು. ನಡುವೆ ತಡೆಯಲಿಲ್ಲ, ತಿದ್ದಲಿಲ್ಲ. ಕೊನೆಗೆ ಒಂದು ದಿನ, ತಂದೆಯ ಹಾಗೆಯೇ ತಗ್ಗಿದ ದನಿಯಲ್ಲಿ ಹೇಳಿದರು. "ಎರ್ರೆಮ್ಮ, ಕರದಾಗೆಲ್ಲ ಓ ಅಂತಿದ್ರ ಆತ ಹೆಂಗ ಹೋಗಬೇಕು? ಈ ಅಮಾಸಿಗೆ ಹಿರೇರ ಸಾಲಿನಾಗ ಆತಗೊಂದು ಎಲಿ ಹಾಕು. ಉಂಡು ಹೋಗ್ಲಿ."

ಆ ಕಡೆಯ ಮನೆಗಳಲ್ಲಿ ಮಹಾಲಯ ಅಮಾವಾಸ್ಯೆಯ ದಿನ ಸತ್ತ ಹಿರಿಯರ ಹೆಸರಿನಲ್ಲಿ ಎಲೆ ಹಾಕಿ, ಹೋಳಿಗೆ, ಕಡುಬು, ಅವರಿಗೆ ಇಷ್ಟವಾದ ಪಲ್ಯ ಬಡಿಸಿ, ಬಾಗಿಲು ಮುಂದೆ ಮಾಡಿ ಎಲ್ಲರೂ ಹೊರಗೆ ಕೂರುತ್ತಾರೆ. ಅವರು ಉಂಡರೆಂದು ಅನಿಸುವಷ್ಟು ಹೊತ್ತು ಕಾದು ಬಾಗಿಲು ತೆಗೆಯುತ್ತಾರೆ. ಬದುಕಿರುವವರ ಹೆಸರಿನಲ್ಲಿ ಯಾರೂ ಎಲೆ ಹಾಕುವುದಿಲ್ಲ. ಹಾಗೆ ಮಾಡುವುದು ಅವರನ್ನು ಕೈಯಾರೆ ಮಣ್ಣಿಗೆ ಇಳಿಸಿದಂತೆ.

ಎರ್ರೆಮ್ಮ ಎಡೆ ಇಟ್ಟಳು. ಬಾಗಿಲು ತೆಗೆದು ಎಲೆ ನೋಡಿ ಹೊಟ್ಟೆ ಹರಿದುಹೋಗುವಂತೆ ಅತ್ತಳು. ಆಮೇಲೆ ನಿದ್ದೆ ಬಂತು, ಹಸಿವು ಬಂತು. ಮರುವರ್ಷ ಮೆಟ್ರಿಯ ಅಂದಾನಪ್ಪನಿಗೆ ಉಡಿಕಿಯಾಗಿ ಹೋದಳು. ಉಡಿಕಿ ಎಂದರೆ ಗಂಡ ಹೋದವಳಿಗೆ ಮಾಡುವ ಎರಡನೆಯ ಮದುವೆ.

ರಾಯರು ಇದನ್ನೇ ಇಂಗ್ಲಿಷಿನಲ್ಲಿ ಬರೆದರು. ಸೀಮೆಯ ಪತ್ರಿಕೆಯೊಂದು ಅಚ್ಚು ಹಾಕಿತು. ಜನರನ್ನು ಒಪ್ಪಿಸಬಲ್ಲವನು ಎಂಬ ಹೆಸರು ಅಲ್ಲಿಂದಲೇ ಬಂತು. ಮದರಾಸಿನ ಗಿರಣಿಯಲ್ಲಿ ಮುಷ್ಕರವಾದಾಗ ಸರ್ಕಾರದವರು ಅವರನ್ನು ಕರೆಸಿ ಎರಡು ಕಡೆಯವರ ನಡುವೆ ಕೂರಿಸಿದರು. ಇಬ್ಬರೂ ತಾವೇ ಗೆದ್ದೆವೆಂದು ಎದ್ದುಹೋದರು. ಬರ್ಮಾ ದೇಶ ಹಿಂದೂಸ್ಥಾನದಿಂದ ಬೇರೆಯಾಗಿ, ಅಲ್ಲಿನ ನಮ್ಮ ಜನರ ಪರವಾಗಿ ಮಾತಾಡಲು ರಂಗೂನಿನಲ್ಲಿ ಏಜೆಂಟರ ಕಚೇರಿ ತೆರೆದಾಗ, ರೋಗಿಗಳನ್ನು ಬಿಟ್ಟು ರಾಯಭಾರದ ಕೋಟು ತೊಟ್ಟರು. ಕೆಲಸ ಬೇರೆಯೆಂದು ಅವರಿಗೆ ಅನಿಸಲಿಲ್ಲ. ಆಸ್ಪತ್ರೆಯಲ್ಲಿ ಒಬ್ಬನೊಳಗಿನ ಇಬ್ಬರ ನಡುವೆ ಓಡಾಡುತ್ತಿದ್ದರು. ಇಲ್ಲಿ ಎರಡು ಸರ್ಕಾರಗಳ ನಡುವೆ.

ಅಲ್ಲಿಗೆ ಹೋದ ಮೊದಲ ವರ್ಷವೇ, ದೂರು ಹೇಳಲು ನಿಂತ ಕೂಲಿಗಳಲ್ಲಿ ಒಬ್ಬನ ಮಾತಿನ ಎಳೆ ಕಿವಿಗೆ ಬಿತ್ತು.

"ಯಾವ ಊರು?"

"ಕಂಪ್ಲಿ ಕಡೇವ್ನ್ರಿ. ಮೊದ್ಲ ಸೊಂಡೂರು ಗುಡ್ಡದಾಗ ಇದ್ದೆ. ಈಗ ಅಕ್ಕಿ ಗಿರಣ್ಯಾಗ ಬಾಗಿಲು ಕಾಯ್ತೀನಿ."

"ಹೆಸರು?"

"ಮೂಕಪ್ಪ."

ರಾಯರು ಬರೆಯುತ್ತಿದ್ದ ಕೈ ನಿಂತಿತು. ಅವರು ಎದ್ದು ಹೋಗಿ ಕಚೇರಿಯ ಬಾಗಿಲು ಹಾಕಿಕೊಂಡು ಬಂದರು.

ಗಲಭೆಯಲ್ಲಿ ತಲೆಗೆ ಏಟು ಬಿದ್ದು ಅವನು ಬಹಳ ಕಾಲ ಮಲಗಿದ್ದ. ಎದ್ದಾಗ ಊರಿನಿಂದ ಬಂದ ತೆಲುಗರ ಬಾಯಿಂದ ಹೆಂಡತಿ ತನಗೆ ಎಡೆ ಇಟ್ಟು ಉಡಿಕಿಯಾದ ಸುದ್ದಿ ತಿಳಿಯಿತು. ಅದರ ಬಗ್ಗೆ ಅವನಿಗೆ ಸಿಟ್ಟಿರಲಿಲ್ಲ. ಅವನ ದೂರು ಗಿರಣಿಯ ಮೇಲಿತ್ತು. ವರ್ಷವೂ ಒಂದೇ ಹೊತ್ತಿಗೆ ಕಾಯಿಲೆ ಬೀಳುತ್ತಾನೆಂದು ಕೆಲಸದಿಂದ ತೆಗೆಯುತ್ತೇವೆ ಅನ್ನುತ್ತಿದ್ದರಂತೆ.

"ಏನು ಕಾಯಿಲೆ?"

ಮೂಕಪ್ಪ ನಕ್ಕ. "ಹೇಳಿದ್ರ ನೀವೂ ನಗ್ತೀರಿ. ನನಗ ಊರಾಗ ಎಡಿ ಇಡ್ತಾರ್ರೀ. ಆ ಹೊತ್ತಿಗೆ ಬಾಯಾಗ ಹೋಳಿಗಿ ರುಚಿ ಬರ್ತೈತಿ. ಹೊಟ್ಟಿ ಗಟ್ಟಿ ಆಗ್ತೈತಿ. ಆಮ್ಯಾಲೆ ಅನ್ನ ಮುಟ್ಟಿದ್ರ ಮಣ್ಣು ಮುಟ್ಟಿದಂಗ್ರೀ. ವರ್ಷಾ ಒಂದೊಂದು ಹಿಡಿ ಕರಗೀನಿ, ನೋಡ್ರಿ ಈ ರಟ್ಟಿ."

ರಾಯರು ನಗಲಿಲ್ಲ. ಪಂಚಾಂಗ ನೋಡಿ ಮನಸ್ಸು ಕಟ್ಟಿಕೊಂಡ ಕಾಯಿಲೆ ಇದು ಎಂದು ಶಾಸ್ತ್ರ ಹೇಳುತ್ತಿತ್ತು. ಅವರೂ ಹಾಗೆಯೇ ಅಂದುಕೊಂಡರು. ಆ ಸಲದ ಅಮಾವಾಸ್ಯೆಗೆ ಅವನನ್ನು ಒಂದು ಆಸ್ಪತ್ರೆಯಲ್ಲಿ ಮಲಗಿಸಿ, ಯಾವ ತಿಥಿ ಎಂದು ಯಾರೂ ಅವನ ಕಿವಿಗೆ ಹಾಕಬಾರದೆಂದು ತಾಕೀತು ಮಾಡಿ, ಪಕ್ಕದಲ್ಲಿ ತಾವೇ ಕೂತರು. ಮಧ್ಯಾಹ್ನ ಮೂಕಪ್ಪ ನಿದ್ದೆಯಲ್ಲಿದ್ದ. ಎದ್ದು ಕೂರಲಿಲ್ಲ, ಕಣ್ಣು ಬಿಡಲಿಲ್ಲ. ಬಲಗೈ ಎತ್ತಿ, ಏನನ್ನೂ ಮುಟ್ಟದ ಬೆರಳುಗಳನ್ನು ಒಂದೊಂದಾಗಿ ನೆಕ್ಕಿದ. ಆಮೇಲೆ ಸಣ್ಣಗೆ ತೇಗಿದ.

ಆ ತೇಗು ರಾಯರ ಕಿವಿಯಿಂದ ಹೋಗಲೇ ಇಲ್ಲ. ಗವರ್ನರರ ಮನೆಯ ಊಟದಲ್ಲಿ ಬೆಳ್ಳಿಯ ಚಮಚಗಳ ನಡುವೆಯೂ ಅದು ಕೇಳಿಸುತ್ತಿತ್ತು.

ಇನ್ನೊಂದು ವರ್ಷ ಹೀಗಾದರೆ ಈ ದೇಹ ತಡೆಯಲಾರದೆಂದು ಅಲ್ಲಿನ ಡಾಕ್ಟರು ಹೇಳಿದರು. ಮೂಕಪ್ಪನಿಗೂ ಅದು ಗೊತ್ತಿತ್ತು.

"ಅಕೀಗೆ ಹೇಳ್ರಿ ರಾಯ್ರ, ಇನ್ನ ಇಡಬ್ಯಾಡ ಅಂತ. ಆದ್ರ ನಾ ಬದುಕೀನಿ ಅಂತ ಮಾತ್ರ ಹೇಳಬ್ಯಾಡ್ರಿ. ಅಕಿ ಸಂಸಾರ ಒಡೀತೈತಿ, ಕೂಸು ಐತಂತ. ಎರಡೂ ಕಡಿ ಒಪ್ಪೋ ಮಾತು ಕಟ್ಟೋದು ನಿಮ್ಮ ಉದ್ಯೋಗ ಅಂತಾರಲ್ಲ, ಒಂದು ಮಾತು ಕಟ್ರಿ."

ಆ ಒಂದು ಮಾತನ್ನು ಹಡಗಿನ ಉದ್ದಕ್ಕೂ ರಾಯರು ಕಟ್ಟಿದರು, ಬಿಚ್ಚಿದರು.

ಅಮಾವಾಸ್ಯೆಯ ಬೆಳಿಗ್ಗೆ ಕಂಪ್ಲಿಯ ಬಸ್ಸು ಹತ್ತಿದರು. ಕಮಲಾಪುರ ದಾಟುವಾಗ ಬಾಳೆಯ ತೋಟಗಳ ಆಚೆ ಹಂಪಿಯ ಬಂಡೆಗಳು, ಸೂರಿಲ್ಲದ ಮಂಟಪಗಳು ಕಂಡವು. ಕಬ್ಬಿನ ಗದ್ದೆಯೊಳಗೆ ಯಾವಾಗಲೋ ಯಾರೋ ನಿಲ್ಲಿಸಿದ ಕಲ್ಲಿನ ಬಾಗಿಲುವಾಡ ಒಂದಿತ್ತು. ಅದರ ಹಿಂದೆ ಮನೆ ಇರಲಿಲ್ಲ. ಕಣ್ಣಿಗೆ ಮರೆಯಾಗುವ ತನಕ ರಾಯರು ಅದನ್ನೇ ತಿರುಗಿ ನೋಡಿದರು.

ಮೆಟ್ರಿಯಲ್ಲಿ ಅಂದಾನಪ್ಪ ಅಂಗಳದಲ್ಲಿ ಎತ್ತಿನ ಮೈ ತಿಕ್ಕುತ್ತಿದ್ದ. ದಪ್ಪ ಮೀಸೆಯ, ದೊಡ್ಡ ಗಂಟಲಿನ ಮನುಷ್ಯ.

"ಯಾರು? ಓಹೋ, ಹೊಸಪ್ಯಾಟಿ ರಾಯ್ರು! ಬರ್ರಿ ಬರ್ರಿ, ಕುಂದ್ರಿ. ನೀವು ಎಡಿ ಇಡಿಸಿದ್ದಕ್ಕ ನನಗ ಹೆಂಡ್ತಿ ಸಿಕ್ಳು. ನಿಮ್ಮ ಕಾಲಿಗೆ ಬೀಳಬೇಕೋ, ನಿಮ್ಮ ಮ್ಯಾಲೆ ದಾವಾ ಹಾಕಬೇಕೋ, ಇನ್ನೂ ಬಗಿಹರಿದಿಲ್ಲ ನೋಡ್ರಿ."

"ದಾವಾನೇ ಹಾಕು" ಎಂದು ಒಳಗಿನಿಂದ ದನಿ ಬಂತು. "ಗೆದ್ರ ನನ್ನ ಯಾರಿಗೆ ಒಪ್ಪಿಸ್ತಿ, ಅದನ್ನೂ ಹೇಳು."

ಎರ್ರೆಮ್ಮ ಹೂರಣದ ಕೈಯಲ್ಲೇ ಹೊರಗೆ ಬಂದಳು. ಮೈ ತುಂಬಿಕೊಂಡಿದ್ದಳು. ರಾಯರನ್ನು ಕಂಡು ಮುಖ ಅರಳಿತು. ಇವರು ತಮ್ಮ ಮನೆಯಲ್ಲಿ ಬೇಯಿಸಿದ್ದನ್ನು ಉಣ್ಣುವವರಲ್ಲವೆಂದು ತಿಳಿದು ಹಾಲು, ಬಾಳೆಹಣ್ಣು ತಂದಿಟ್ಟಳು. ಮಗಳು ಜಂಬವ್ವ ಕಟ್ಟೆಯ ಮೇಲೆ ಬೆಕ್ಕನ್ನು ತೊಡೆಯಲ್ಲಿ ಅವುಚಿಕೊಂಡು ಕೂತು ಬಂದವರ ಕೋಟಿನ ಗುಂಡಿಗಳನ್ನೇ ನೋಡುತ್ತಿದ್ದಳು.

"ಎರ್ರೆಮ್ಮ, ಮೂಕಪ್ಪಗ ಇವತ್ತೂ ಎಲಿ ಹಾಕ್ತಿಯೇನು?"

"ಹಾಕ್ದೇ? ಮಾವ, ಅತ್ತಿ, ಆಮ್ಯಾಲೆ ಅವ್ರು. ಇವ್ರೇ ಕೊಯ್ದು ಕೊಡ್ತಾರ ಮೂರನೇ ಎಲಿ."

"ಹೂಂ ಮತ್ತ" ಎಂದ ಅಂದಾನಪ್ಪ. "ಪಾಲುದಾರ್ನ ಬಿಡಾಕ ಆಗ್ತೈತಾ? ವರ್ಷಕ್ಕ ಒಂದ್ಸಲ ಮೊದಲ ಹೋಳಿಗಿ ಅವಂದು, ಉಳಿದಿದ್ದು ನಂದು."

ರಾಯರು ತಾವು ಕಟ್ಟಿ ತಂದ ಮಾತನ್ನು ಹೊರಗೆ ತೆಗೆದರು. ದನಿ ತಗ್ಗಿಸಿದರು. "ನೋಡವ್ವ, ಅದನ್ನ ಹೇಳ್ಲಿಕ್ಕೆ ಬಂದೀನಿ. ಆತಗ ಉಂಡದ್ದು ಸಾಕಾಗ್ಯದ. ಇನ್ನ ಇಡಬ್ಯಾಡ. ಇಟ್ರ ಆತಗ ಭಾರ ಆಗ್ತದ."

ಈ ಮಾತಿನಲ್ಲಿ ಸುಳ್ಳಿರಲಿಲ್ಲ. ಎರಡು ಕಡೆಗೂ ಸಲ್ಲುವಂತಿತ್ತು. ಎರ್ರೆಮ್ಮ ಅವರ ಮುಖವನ್ನೇ ನೋಡಿದಳು.

"ತೃಪ್ತಿ ಆಗ್ಯಾರ ಅಂತೀರಾ?"

"ಹೊಟ್ಟಿ ತುಂಬ್ಯದ."

"ಹಂಗಾರ ಬ್ಯಾಡ ಬಿಡ್ರಿ. ಆವತ್ತೂ ನಿಮ್ಮ ಮಾತು ಕೇಳೀನಿ, ಇವತ್ತೂ ಕೇಳ್ತೀನಿ."

ಅಷ್ಟು ಸುಲಭವಾಗಿ ಆಗಿಹೋಯಿತು. ಆವತ್ತೂ ಹೀಗೆಯೇ ಆಗಿತ್ತೆಂದು ನೆನಪಾಗಿ ರಾಯರು ಹಾಲಿನ ಲೋಟವನ್ನು ಕೆಳಗಿಟ್ಟರು.

ಮಧ್ಯಾಹ್ನ ಒಳಗಿನ ಕೋಣೆಯಲ್ಲಿ ಎರಡೇ ಎಲೆ ಬಡಿಸಿದರು. ಬೆಳಿಗ್ಗೆಯೇ ಹಾಕಿದ್ದ ಮೂರನೆಯ ಎಲೆಯನ್ನು ಎರ್ರೆಮ್ಮ ಎತ್ತಿ, ಮಡಚಿ, ಹಿತ್ತಲಿಗೆ ಕೊಂಡೊಯ್ದಳು. ದೀಪ ಹಚ್ಚಿ, ಊದಿನಕಡ್ಡಿ ಚುಚ್ಚಿ, ಹೊರಗೆ ಬಂದು ಬಾಗಿಲು ಮುಂದೆ ಮಾಡಿದಳು. ಎಲ್ಲರೂ ಪಡಸಾಲೆಯಲ್ಲಿ ಕೂತರು. ಇಂಥ ಹೊತ್ತಿನಲ್ಲಿ ಯಾರೂ ಮಾತಾಡುವುದಿಲ್ಲ. ದೂರದಲ್ಲಿ ಕಾಲುವೆಯ ನೀರಿನ ಸದ್ದು.

ಒಳಗೆ ತಂಬಿಗೆ ಅಲುಗಿದ ಸಪ್ಪಳವಾಯಿತು.

"ಬೆಕ್ಕು" ಎಂದ ಅಂದಾನಪ್ಪ.

ಜಂಬವ್ವ ತೊಡೆಯ ಮೇಲಿದ್ದ ಬೆಕ್ಕನ್ನು ಎರಡು ಕೈಯಲ್ಲಿ ಎತ್ತಿ ಅಪ್ಪನಿಗೆ ತೋರಿಸಿದಳು. ಯಾರೂ ನಗಲಿಲ್ಲ.

ಆಮೇಲೆ ಬೇರೆ ಸಪ್ಪಳ. ಸಾರಿಸಿದ ನೆಲದ ಮೇಲೆ ಅಂಗೈ ಆಡಿಸಿದ ಹಾಗೆ. ಸ್ವಲ್ಪ ಹೊತ್ತು ಆಡಿಸುವುದು, ನಿಲ್ಲುವುದು, ಮತ್ತೆ ಆಡಿಸುವುದು. ಕತ್ತಲಲ್ಲಿ ಊಟಕ್ಕೆ ಕೂತವನು ಎಲೆ ಎಲ್ಲಿದೆಯೆಂದು ತಡಕುವ ಹಾಗೆ.

ಎರ್ರೆಮ್ಮ ಎದ್ದು ನಿಂತಳು.

"ಸಾಕಾಗ್ಯದ ಅಂದ್ರಿ. ಹಸಿದು ಬಂದಾರಲ್ರೀ!"

ಇಲಿ, ಗಾಳಿ, ಕೇಳಬೇಕೆಂದು ಕಾದ ಕಿವಿ. ಇಂಥ ಉತ್ತರಗಳು ರಾಯರ ಮನಸ್ಸಿನಲ್ಲಿ ಸಾಲಾಗಿ ಬಂದು ನಿಂತವು. ಆದರೆ ಅವರ ಕಿವಿಯೂ ಕೇಳಿತ್ತು.

"ನಾ ಎಲಿ ಹಾಕ್ತೀನಿ" ಎಂದು ಅವಳು ಹಿತ್ತಲ ಕಡೆ ತಿರುಗಿದಳು. ರಾಯರು ಅಡ್ಡ ನಿಂತುಬಿಟ್ಟರು.

"ಬ್ಯಾಡ ಎರ್ರೆಮ್ಮ. ಹಾಕಬ್ಯಾಡ."

"ಯಾಕ?"

ಅವಳು ಅವರ ಕಣ್ಣನ್ನೇ ನೋಡಿದಳು. ಪಡಸಾಲೆಯಲ್ಲಿ ಅಷ್ಟು ಮಧ್ಯಾಹ್ನ ಅವರು ಅವಳನ್ನು ನೋಡಿದ್ದರಲ್ಲ, ಹಾಗೆಯೇ, ಅವಸರವಿಲ್ಲದೆ. ನಂತರ ಬಹಳ ಮೆಲ್ಲಗೆ ಕೇಳಿದಳು.

"ಬದುಕ್ಯಾರಾ?"

ಈಗ ಯಾವ ಮಾತೂ ಎರಡು ಕಡೆಗೆ ಸಲ್ಲುವಂತಿರಲಿಲ್ಲ. ಇಲ್ಲವೆಂದರೆ ಎಲೆ ಬೀಳುತ್ತದೆ. ಹೌದೆಂದರೆ ಮನೆ.

"ನಾ ಹಡಗು ಹತ್ತಿದಾಗ ಬದುಕಿದ್ದ" ಎಂದರು ರಾಯರು. "ರಂಗೂನಿನಾಗ. ನೀ ಎಡಿ ಇಟ್ಟಾಗೆಲ್ಲ ಆತ ಅಲ್ಲಿ ಅನ್ನ ಬಿಡ್ತಾನ. ಇಡಬ್ಯಾಡ ಅಂತ ಹೇಳಿ ಕಳಿಸ್ಯಾನ. ಬದುಕೀನಿ ಅಂತ ಹೇಳಬ್ಯಾಡ ಅಂತನೂ ಹೇಳ್ಯಾನ."

ಒಳಗೆ ಅಂಗೈಯ ಸಪ್ಪಳ ನಿಂತಿರಲಿಲ್ಲ.

ಅಂದಾನಪ್ಪ ಎದ್ದು ಮೂಲೆಯಲ್ಲಿದ್ದ ಬಾರುಕೋಲನ್ನು ಕೈಗೆ ತೆಗೆದುಕೊಂಡ. ರಾಯರು ಒಂದು ಹೆಜ್ಜೆ ಹಿಂದಕ್ಕೆ ಸರಿದರು. ಅವನು ಅವರ ಕಡೆ ನೋಡಲೇ ಇಲ್ಲ.

"ಕರಕೋ" ಎಂದ ಹೆಂಡತಿಗೆ. ದೊಡ್ಡ ಗಂಟಲು ಎಲ್ಲೋ ಹೂತುಹೋಗಿತ್ತು. "ಒಳಗ ಇದ್ರೂ ಕರಕೋ, ರಂಗೂನಿನಾಗ ಇದ್ರೂ ಕರಕೋ. ಮೊದಲು ಕಟ್ಟಿದ ತಾಳಿ ಅವಂದು. ನಾ ಹೊಲದ ಕಡಿ ಹೋಗಿರ್ತೀನಿ."

"ಕುಂದ್ರು" ಎಂದಳು ಎರ್ರೆಮ್ಮ.

ಅವನು ನಿಂತೇ ಇದ್ದ.

"ಕುಂದ್ರು ಅಂದ್ನಲ್ಲ, ಕೂಸು ಅಳ್ತೈತಿ."

ಅಂದಾನಪ್ಪ ಕೂತ. ಎರ್ರೆಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿ, ಮುಚ್ಚಿದ ಬಾಗಿಲ ಮುಂದೆ ಹೋಗಿ ನಿಂತಳು. ಆ ಕಡೆಯ ಹೆಣ್ಣುಮಕ್ಕಳು ಗಂಡನ ಹೆಸರನ್ನು ಬಾಯಿಂದ ಹೇಳುವುದಿಲ್ಲ. ಗಂಡ ಸತ್ತ ಮೇಲೂ ಹೇಳುವುದಿಲ್ಲ. ಅಷ್ಟು ಮಧ್ಯಾಹ್ನ ರಾಯರ ಮುಂದೆ ಕೂತು ಅವನ ಬಗ್ಗೆಯೇ ಮಾತಾಡಿದವಳು ಒಮ್ಮೆಯೂ ಆ ಹೆಸರು ಎತ್ತಿರಲಿಲ್ಲ. ಈಗ ಬಾಗಿಲ ಮೇಲೆ ಕೈಯಿಟ್ಟು, ಪಕ್ಕದ ಮನೆಯವರನ್ನು ಕೂಗುವ ದನಿಯಲ್ಲಿ ಕೂಗಿದಳು.

"ಮೂಕಪ್ಪಣ್ಣಾ!"

ಸಪ್ಪಳ ನಿಂತಿತು.

"ಮೂಕಪ್ಪಣ್ಣಾ, ಈ ಮನ್ಯಾಗ ನಿನ್ನ ಎಲಿ ಇಲ್ಲೋ ನಮ್ಮಪ್ಪಾ. ಇದು ಸತ್ತೋರ ಸಾಲು. ನೀ ಸತ್ತಿಲ್ಲ. ನಾ ತಿಳೀದೆ ಕರದಿದ್ದೆ, ನೀ ಪಾಪ ದಾರಿ ಹಿಡಿದು ಬಂದಿ. ನಿನ್ನ ಅನ್ನ ನೀ ಇದ್ದಲ್ಲೇ ಐತಿ. ಎದ್ದು ಹೋಗು. ತಂಗಿ ಮಾತು ಕೇಳು, ಹೋಗಿ ಉಣ್ಣು."

ತಂಗಿ ಎಂಬ ಮಾತು ಬಂದಾಗ ಅವಳ ದನಿ ಒಡೆಯಿತು. ಆದರೂ ಮಾತು ಮುಗಿಸಿದಳು. ಅದನ್ನೇ ಇನ್ನೊಮ್ಮೆ, ನಿಧಾನವಾಗಿ, ತಗ್ಗಿದ ದನಿಯಲ್ಲಿ ಹೇಳಿದಳು. ಅವಳು ಯಾವ ಗುಡಿಯಲ್ಲಿ ಯಾರ ಓದು ಕೇಳಿದ್ದಳೋ ರಾಯರಿಗೆ ತಿಳಿಯದು.

ಒಳಗೆ ಏನೂ ಕೇಳಿಸಲಿಲ್ಲ. ಕಾಲುವೆಯ ಸದ್ದು ಮಾತ್ರ ಮತ್ತೆ ಕಿವಿಗೆ ಬಂತು.

ಅವಳು ಬಾಗಿಲು ತೆಗೆದಳು. ದೀಪ ಉರಿಯುತ್ತಿತ್ತು. ಅತ್ತೆ ಮಾವನ ಎಲೆಗಳು ಬಡಿಸಿದ ಹಾಗೆಯೇ ಇದ್ದವು. ಮೂರನೆಯ ಜಾಗದಲ್ಲಿ ಹಾಕಿದ್ದ ರಂಗೋಲಿ ಪೂರ್ತಿ ಅಳಿಸಿ, ಬರಿಯ ಬಿಳಿ ಹುಡಿಯಾಗಿತ್ತು. ಎಲೆ ಎತ್ತುವಾಗ ಅವಳ ಸೆರಗೇ ತಾಗಿರಬಹುದು ಎಂದು ರಾಯರಿಗೆ ಹೊಳೆಯಿತು. ಅದನ್ನು ಯಾರೂ ಅವರನ್ನು ಕೇಳಲಿಲ್ಲ. ಎರ್ರೆಮ್ಮ ಸಗಣಿ ನೀರು ತಂದು ಆ ಜಾಗವನ್ನು ಸಾರಿಸಿದಳು. ಆಮೇಲೆ ಮಗಳಿಗೂ ಗಂಡನಿಗೂ ಬಡಿಸಿದಳು. ಅಂದಾನಪ್ಪ ತಲೆ ತಗ್ಗಿಸಿ ಉಂಡ.

ಹೊರಡುವಾಗ ಅವಳು ಹೊಸ್ತಿಲ ತನಕ ಬಂದಳು.

"ನೀವು ಹೋಗಿ ನೋಡ್ತೀರಲ್ರೀ ರಾಯ್ರ. ಇದ್ರೂ, ಇರದಿದ್ರೂ, ನನಗ ಹೇಳಿ ಕಳಸಬ್ಯಾಡ್ರಿ. ನೀವು ಹೇಳಿದ್ದು ನನಗ ಭಾಳ ನಾಟ್ತೈತಿ."

ಅಂದಾನಪ್ಪ ಬಸ್ಸು ನಿಲ್ಲುವ ಕಡೆಗೆ ಜೊತೆಗೆ ನಡೆದ. ಭತ್ತದ ಗದ್ದೆಗಳ ನಡುವಿನ ದಾರಿಯಲ್ಲಿ ಇವನು ಬೈಯಲಿ, ಹೊಡೆಯಲಿ ಎಂದು ರಾಯರು ಕಾಯುತ್ತಿದ್ದರು.

"ಪ್ರತಿ ವರ್ಷ ಸಪ್ಪಳ ಆಗ್ತಿತ್ರೀ" ಎಂದ ಅಂದಾನಪ್ಪ. "ಮೊದಲ್ನೇ ವರ್ಷದಿಂದನೂ. ನಾನೇ ಬೆಕ್ಕು ಅಂತಿದ್ದೆ. ಆಗ ಬೆಕ್ಕೇ ಸಾಕಿದ್ದಿಲ್ಲ. ಆಮ್ಯಾಲೆ ತಂದು ಸಾಕಿದ್ದು."

ರಾಯರು ನಿಂತು ಅವನ ಮುಖ ನೋಡಿದರು.

"ಅಲ್ಲಿ ಉಣ್ಣಾಕ ತಿನ್ನಾಕ ಐತೇನ್ರೀ ಅಂವಗ?"

"ಅದ. ಗಿರಣಿ ಅಕ್ಕಿ ಕೊಡ್ತಾರ. ಒಬ್ಬನ ಅಡಿಗಿ."

"ಒಬ್ಬನೇ ಉಣ್ತಾನಾ?"

"ಹೂಂ."

ಅಂದಾನಪ್ಪ ತಲೆಯಾಡಿಸಿದ. ರಸ್ತೆಯ ತುದಿಯಲ್ಲಿ ಕಂಪ್ಲಿ ಕಡೆಯಿಂದ ಬರುವ ಬಸ್ಸಿನ ಧೂಳು ಎದ್ದಿತ್ತು.

"ಅಕಿ ಹೇಳಿದ್ದು ಅಂವಗ ಮುಟ್ಟೈತಂತೀರಾ? ಇವತ್ತು ಉಂಡಾನಂತೀರಾ?"

ಎಷ್ಟೋ ಕಚೇರಿಗಳಲ್ಲಿ, ಎಷ್ಟೋ ದೊಡ್ಡವರ ಮುಂದೆ ಮಾತು ಕಟ್ಟಿದವರು ಪ್ರಭಂಜನರಾಯರು. ಹೊಳೆಯ ಕಡೆಯಿಂದ ಗಾಳಿ ಬಂದು ಭತ್ತವೆಲ್ಲ ಒಂದೇ ಕಡೆಗೆ ಬಾಗಿತು.

"ಗೊತ್ತಿಲ್ಲ ಅಂದಾನಪ್ಪ" ಎಂದರು. "ನನಗ ಗೊತ್ತಿಲ್ಲ."